ವೀರಗಲ್ಲಿನ ಕೊನೆಯ ಸಾಲಿಗಾಗಿ ಶ್ರೀನಗರದಿಂದ ಬೊಮ್ಮನಹಳ್ಳಿಗೆ

ಸಂಕ್ರಾಂತಿ ಕಳೆದ ಮೊದಲ ಭಾನುವಾರ ಬೆಳಗ್ಗೆ ಒಂಬತ್ತಕ್ಕೆ ಬೆಂಗಳೂರಿನ ಶ್ರೀನಗರದ ಬಸ್ ನಿಲ್ದಾಣದಲ್ಲಿ ಬಸ್ ಹತ್ತಿದೆ. ಹೋಗಬೇಕಾಗಿದ್ದದ್ದು ಬೊಮ್ಮನಹಳ್ಳಿಗೆ. ಅಲ್ಲಿ ಇಲ್ಲಿ ಸುತ್ತಿದ್ದೆಲ್ಲ ಸೇರಿಸಿದರೂ ದಾರಿ ಹದಿನೈದು ಹದಿನಾರು ಕಿಲೋಮೀಟರ್ ಇರಬಹುದು. ಮುಟ್ಟಿದಾಗ ಮಧ್ಯಾಹ್ನ ನಾಲ್ಕಕ್ಕೆ ಹತ್ತು ನಿಮಿಷವಿತ್ತು. ಅಷ್ಟು ಹೊತ್ತಿನಲ್ಲಿ ಜನ ಹಂಪಿಗೇ ಹೋಗಿ ಸೇರುತ್ತಾರೆ. ದಾರಿಯಲ್ಲಿ ಮೂರು ಜನರ ಮೇಲೆ ಕೂಗಾಡಿದೆ, ಮುಟ್ಟಿದ ಮೇಲೆ ಒಬ್ಬರ ಮೇಲೆ. ಮೊದಲಿನ ಮೂವರದ್ದೂ ತಪ್ಪೇ ಅಂತ ಇವತ್ತಿಗೂ ಅನ್ನುತ್ತೇನೆ. ನಾಲ್ಕನೆಯದನ್ನು ಹೇಳುವುದಕ್ಕೇ ಇದನ್ನು ಬರೆಯುತ್ತಿದ್ದೇನೆ.

ನಾನು ಹೈಸ್ಕೂಲಿನಲ್ಲಿ ಕನ್ನಡ ಪಾಠ ಮಾಡುವವಳು. ಇಪ್ಪತ್ತಾರು ವರ್ಷದಿಂದ ಅದೇ ಕೆಲಸ. ರಜೆ ಸಿಕ್ಕಾಗಲೆಲ್ಲ ಹಳೆಯ ಕಲ್ಲುಗಳ ಹಿಂದೆ ಅಲೆಯುವುದು ನನ್ನ ಹುಚ್ಚು. ಎರಡು ವರ್ಷದ ಕೆಳಗೆ ಈ ಹುಚ್ಚಿಗೆ ಬಸವರಾಜ ಜೊತೆಯಾದ, ನಾನು ಕರೆಯುವುದು ಬಸು ಅಂತ. ಗದಗದ ಕಡೆಯವನು, ವಯಸ್ಸು ಮೂವತ್ತನಾಲ್ಕು, ಬಿಟಿಎಂ ಲೇಔಟಿನಲ್ಲಿ ಬಾಡಿಗೆಗಿದ್ದು ಒಂದು ಆಫೀಸಿನಲ್ಲಿ ಕೆಲಸ ಮಾಡುತ್ತಾನೆ. ತನ್ನ ಸ್ವಂತ ದುಡ್ಡಿನಲ್ಲಿ ಒಳ್ಳೆಯ ಕ್ಯಾಮರಾ ಕೊಂಡಿದ್ದಾನೆ. ನಾವಿಬ್ಬರೂ ಸೇರಿ ಬೆಂಗಳೂರಿನ ದಕ್ಷಿಣ ಭಾಗದ ಕೆರೆ, ತೂಬು, ಗಡಿಕಲ್ಲು, ವೀರಗಲ್ಲುಗಳ ಮೇಲೆ ಹದಿನೆಂಟು ನಿಮಿಷದ ಸಾಕ್ಷ್ಯಚಿತ್ರ ಮಾಡುತ್ತಿದ್ದೆವು. ಮುಂದಿನ ಶುಕ್ರವಾರ ಸಂಜೆ ಜಯನಗರದ ಒಂದು ಸಣ್ಣ ಸಭಾಂಗಣದಲ್ಲಿ ಪ್ರದರ್ಶನ ಗೊತ್ತಾಗಿತ್ತು. ಚಿತ್ರದಲ್ಲಿ ಎಲ್ಲವೂ ಮುಗಿದಿತ್ತು, ಒಂದು ಕಲ್ಲಿನ ಕೊನೆಯ ಸಾಲು ಬಿಟ್ಟು.

ಆ ಕಲ್ಲು ಇರುವುದು ಬೊಮ್ಮನಹಳ್ಳಿಯ ಹಿಂಬದಿಯ ಒಂದು ಗಲ್ಲಿಯಲ್ಲಿ. ಚರಂಡಿ ಅಗೆಯುವಾಗ ಸಿಕ್ಕಿದ್ದು. ಎದೆಯುದ್ದದ ಚಪ್ಪಡಿ. ಮೇಲುಗಡೆ ಬಿಲ್ಲು ಹಿಡಿದವನೊಬ್ಬ, ಅವನ ಹಿಂದೆ ಹಸುಗಳು. ಕೆಳಗೆ ನಾಲ್ಕು ಸಾಲು ಹಳೆಗನ್ನಡ. ಊರಿನ ದನಗಳನ್ನು ಹೊಡೆದುಕೊಂಡು ಹೋಗುತ್ತಿದ್ದವರೊಡನೆ ಹೋರಾಡಿ ಸತ್ತವನ ಹೆಸರು, ಅವನ ಅಪ್ಪನ ಹೆಸರು, ಅಪ್ಸರೆಯರು ಅವನನ್ನು ಸ್ವರ್ಗಕ್ಕೆ ಒಯ್ದ ಮಾತು, ಎಲ್ಲವನ್ನೂ ಓದಬಹುದಿತ್ತು. ಕೊನೆಯ ಸಾಲಿನಲ್ಲಿ, ಈ ಕಲ್ಲನ್ನು ನಿಲ್ಲಿಸಿದವಳು ಅವನ ತಂಗಿ ಅಂತ ಇತ್ತು. ತಂಗಿಯ ಹೆಸರು ಇರಬೇಕಾದ ಜಾಗ ಮಾತ್ರ ಸವೆದು ಹೋಗಿತ್ತು. ಸತ್ತವನ ಹೆಸರು ಉಳಿದಿದೆ, ಅವನಿಗಾಗಿ ಕಲ್ಲು ನಿಲ್ಲಿಸಿದವಳ ಹೆಸರಿಲ್ಲ. ಇದು ನನ್ನನ್ನು ಎರಡು ತಿಂಗಳು ಸರಿಯಾಗಿ ಊಟ ಮಾಡಲು ಬಿಡಲಿಲ್ಲ. ಅಚ್ಚಾದ ಯಾವ ಶಾಸನ ಸಂಪುಟದಲ್ಲೂ ಈ ಕಲ್ಲು ಇಲ್ಲ. ಆ ಹೆಸರು ಸಿಕ್ಕರೆ ಕಲ್ಲಿನ ಮೇಲೆಯೇ ಸಿಗಬೇಕಿತ್ತು.

ಸವೆದ ಅಕ್ಷರ ಓದಲು ನೇರ ಬಿಸಿಲು ಉಪಯೋಗಕ್ಕೆ ಬಾರದು. ಬಿಸಿಲು ಪಕ್ಕದಿಂದ, ಕಲ್ಲನ್ನು ಸವರಿಕೊಂಡು ಹೋಗುವ ಹಾಗೆ ಬೀಳಬೇಕು. ಆಗ ಕೂದಲೆಳೆಯಷ್ಟು ತಗ್ಗಿದ್ದರೂ ನೆರಳು ಕಟ್ಟುತ್ತದೆ. ಈ ಕಲ್ಲಿನ ಮುಖ ದಕ್ಷಿಣಕ್ಕೆ. ಈ ಕಾಲದಲ್ಲಿ ಸೂರ್ಯ ನೈಋತ್ಯಕ್ಕೆ ಇಳಿಯುವುದರಿಂದ ಸಂಜೆ ನಾಲ್ಕರ ಮೇಲೆ ಅಂಥ ಓರೆ ಬಿಸಿಲು ಬರುತ್ತದೆ. ನಾಲ್ಕೂವರೆಗೆ ಪಕ್ಕದ ಗಾರ್ಮೆಂಟ್ಸ್ ಕಟ್ಟಡದ ನೆರಳು ಅದನ್ನು ನುಂಗುತ್ತದೆ ಅಂತ ಅಲ್ಲಿಯವರು ಹೇಳಿದ್ದರು. ನಮಗೆ ಇದ್ದದ್ದು ಆ ಅರ್ಧ ಗಂಟೆ.

ಮೊದಲ ನಿಲುಗಡೆ ಯಡಿಯೂರು ಕೆರೆ. ಚಿತ್ರದ ಮೊದಲ ದೃಶ್ಯಕ್ಕೆ ನೀರು ಬೇಕಿತ್ತು. ಬಸ್ಸಿನಲ್ಲಿ ನನಗೆ ಸೊನ್ನೆ ರೂಪಾಯಿಯ ಟಿಕೆಟ್ ಕೊಟ್ಟರು, ಕೂರಲು ಜಾಗವೂ ಸಿಕ್ಕಿತು. ಆ ದಿನ ಸಲೀಸಾಗಿ ನಡೆದದ್ದು ಅದೊಂದೇ. ಬಸು ನನಗಿಂತ ಮುಂಚೆ ಬಂದು ಮೂರು ಕಾಲಿನ ಸ್ಟ್ಯಾಂಡ್ ನೆಟ್ಟು ಕಾಯುತ್ತಿದ್ದ. ಚಳಿ ಇನ್ನೂ ಬಿಟ್ಟಿರಲಿಲ್ಲ, ನೀರಿನ ಮೇಲೆ ತೆಳ್ಳಗೆ ಮಂಜಿತ್ತು. ನಾಲ್ಕು ನಿಮಿಷ ಚಿತ್ರೀಕರಿಸುವಷ್ಟರಲ್ಲಿ ಬಿಳಿ ಶೂ ಹಾಕಿಕೊಂಡು ವಾಕಿಂಗ್ ಬಂದಿದ್ದ ಒಬ್ಬರು ಕ್ಯಾಮರಾದ ಮುಂದೆಯೇ ಬಂದು ನಿಂತರು.

"ಏನ್ ಸಾರ್, ರೀಲ್ಸಾ?"

"ಅಲ್ರೀ, ಡಾಕ್ಯುಮೆಂಟರಿ. ಹಳೇ ಕೆರಿ, ಶಾಸನ, ಅದರ ಮ್ಯಾಲೆ" ಅಂದ ಬಸು.

"ಇಲ್ಲೇನಿದೆ ಗುರು ಹಳೇದು? ಇದೆಲ್ಲ ಮೊನ್ನೆ ಮೊನ್ನೆ ಆಗಿರೋ ಏರಿಯಾ. ನಮ್ಮ ತಂದೆ ಸೈಟ್ ತಗೊಂಡಾಗ ಇಲ್ಲಿ ಬರೀ ಖಾಲಿ ಜಾಗ."

ನನಗೆ ತಡೆಯಲಾಗಲಿಲ್ಲ. "ಖಾಲಿ ಜಾಗದಲ್ಲಿ ಕೆರೆ ತಾನಾಗೇ ಹುಟ್ಕೊಳ್ತಾ ಸಾರ್? ಇಳಿಜಾರು ನೋಡಿ ಏರಿ ಕಟ್ಟಿದ್ದು ಯಾರು? ನಿಮ್ಮ ಸೈಟಲ್ಲಿ ಭತ್ತ ಬೆಳೆದೋರು ಯಾರು? ನಿಮ್ಮ ತಂದೆ ಬರೋಕೆ ಮುಂಚೆ ಇಲ್ಲಿ ಮನುಷ್ಯರೇ ಇರ್ಲಿಲ್ವಾ?" ಅಂತ ಶುರು ಮಾಡಿದವಳು ನಿಲ್ಲಿಸಲಿಲ್ಲ. ಅವರು ಪಾಪ, "ಸರಿ ಮೇಡಂ, ಸರಿ ಮೇಡಂ" ಅನ್ನುತ್ತಾ ಹಿಂದೆ ಹಿಂದೆ ಸರಿದು ಹೋದರು. ಬ್ಲಾಕು, ಸ್ಟೇಜು, ಫೇಸು ಅಂತ ನಂಬರು ಹಾಕಿದ ಕೂಡಲೇ ನೆಲಕ್ಕೆ ಹಿಂದಿನ ಕಾಲವೇ ಇಲ್ಲ ಅಂದುಕೊಳ್ಳುವವರನ್ನು ಕಂಡರೆ ನನಗೆ ಮೈಯೆಲ್ಲ ಉರಿಯುತ್ತದೆ. ನಮ್ಮ ಚಿತ್ರ ಹೇಳುವುದು ಅದೊಂದೇ ಮಾತು: ಕೆರೆ, ಕೆರೆಯ ತೂಬು, ಕೆಳಗಿನ ಗದ್ದೆ, ಗದ್ದೆಯಂಚಿನ ಗಡಿಕಲ್ಲು, ಊರ ಬಾಗಿಲ ವೀರಗಲ್ಲು, ಇವೆಲ್ಲ ಒಂದೇ ಬದುಕಿನ ತುಂಡುಗಳು.

ಅಲ್ಲಿಂದ ಆಟೋದಲ್ಲಿ ಜಯನಗರಕ್ಕೆ ಹೋದೆವು, ಅರವತ್ತು ರೂಪಾಯಿ. ಅಲ್ಲಿ ಒಂದನೇ ಮಹಡಿಯ ಮನೆಯಲ್ಲಿ ಶಿವರುದ್ರಯ್ಯ ಮೇಷ್ಟ್ರು ಇದ್ದಾರೆ. ಶಾಸನಗಳ ಪಡಿಯಚ್ಚು ತೆಗೆಯುವುದರಲ್ಲಿ ಪಳಗಿದ ಕೈ. ಒದ್ದೆ ಕಾಗದವನ್ನು ಕಲ್ಲಿಗೆ ಹಾಸಿ, ಬ್ರಷ್ಷಿನಿಂದ ತಟ್ಟಿ ತಟ್ಟಿ ಅಕ್ಷರದ ತಗ್ಗಿಗೆ ಇಳಿಸಿ, ಅರೆ ಒಣಗಿದ ಮೇಲೆ ಮಸಿಯ ಉಂಡೆ ಒತ್ತಿದರೆ, ತಗ್ಗೆಲ್ಲ ಬೆಳ್ಳಗೆ ಉಳಿದು ಮಿಕ್ಕದ್ದು ಕಪ್ಪಾಗುತ್ತದೆ. ಕಣ್ಣಿಗೆ ಕಾಣದ ಅಕ್ಷರ ಕಾಗದದ ಮೇಲೆ ಏಳುತ್ತದೆ. ಬೊಮ್ಮನಹಳ್ಳಿಯ ಕಲ್ಲಿಗೆ ತಾವೇ ಬಂದು ಅಚ್ಚು ತೆಗೆಯುತ್ತೇನೆ ಅಂದಿದ್ದರು. ಮಂಡಿ ನೋವು ಅವರನ್ನು ಎರಡು ತಿಂಗಳಿಂದ ಮೆಟ್ಟಿಲು ಇಳಿಯಲು ಬಿಟ್ಟಿರಲಿಲ್ಲ. ಕೊನೆಗೆ ನನಗೇ ಕಲಿಸಿ, ಅಂದು ಕಾಗದ, ಬ್ರಷ್ಷು, ಮಸಿ ಕೊಟ್ಟು ಕಳಿಸಲು ಒಪ್ಪಿದ್ದರು.

ಅವರ ಹೆಂಡತಿ ಅವರೆಕಾಳು ಉಪ್ಪಿಟ್ಟು, ಕಾಫಿ ಕೊಟ್ಟರು. ಮೇಷ್ಟ್ರು ಕಾಗದದ ಸುರುಳಿಯನ್ನು ಪಂಚೆಯಲ್ಲಿ ಸುತ್ತಿ ನನ್ನ ಕೈಗಿಡುತ್ತಾ, "ಗಿರಿಜಾ, ಅವಸರ ಮಾಡ್ಬೇಡಿ. ನೀರು ಜಾಸ್ತಿ ಹಾಕ್ಬೇಡಿ" ಅಂದರು. ಆಮೇಲೆ ಕನ್ನಡಕ ತೆಗೆದು ಕೇಳಿದರು. "ಅಚ್ಚು ತೆಗೆಯೋವರೆಗೂ ಕಲ್ಲಿಗೆ ಏನೂ ಸೋಕಿಸ್ಬಾರ್ದು ಅಂದಿದ್ದೆ. ಸುಣ್ಣ, ಹಿಟ್ಟು, ಎಣ್ಣೆ, ಏನೂ ಇಲ್ಲ ತಾನೆ?"

"ಇಲ್ಲ ಸಾರ್" ಅಂದೆ.

ಸುಳ್ಳು. ನವೆಂಬರಿನಲ್ಲಿ ಮೊದಲ ಸಲ ಚಿತ್ರೀಕರಣಕ್ಕೆ ಹೋದಾಗ ಮೋಡ ಕವಿದಿತ್ತು. ಕ್ಯಾಮರಾದಲ್ಲಿ ಅಕ್ಷರಗಳು ಕಾಣಲೇ ಇಲ್ಲ. ನನ್ನ ಬ್ಯಾಗಿನಲ್ಲಿ ಯಾವಾಗಲೂ ಸೀಮೆಸುಣ್ಣ ಇರುತ್ತದೆ. ತೆಗೆದು ನಾಲ್ಕೂ ಸಾಲುಗಳ ಮೇಲೆ ಬರೆದೆ. ಮೂರು ಸಾಲು ಕಲ್ಲಿನ ಗೆರೆಯನ್ನೇ ಹಿಡಿದು ಬರೆದೆ. ಕೊನೆಯ ಸಾಲಿನಲ್ಲಿ ಹೆಸರಿನ ಜಾಗ ಬಂತು. ಅಲ್ಲಿ ಖಾಲಿ ಬಿಟ್ಟು ಮುಂದೆ ಹೋಗಬೇಕಿತ್ತು. ಇಪ್ಪತ್ತಾರು ವರ್ಷದಿಂದ ಬಿಟ್ಟ ಸ್ಥಳ ತುಂಬಿಸುತ್ತಾ ಬಂದ ಕೈ ನನ್ನದು, ಬಿಡಲಿಲ್ಲ. ಆ ಕಾಲದ ಹೆಂಗಸರ ಹೆಸರುಗಳಲ್ಲಿ ಜಾಗದ ಅಳತೆಗೆ ಹೊಂದುವ ಒಂದನ್ನು, ಮಾಚಬ್ಬೆ ಅಂತ, ಬರೆದುಬಿಟ್ಟೆ. ಸೀಮೆಸುಣ್ಣ ತಾನೆ, ಒಂದು ಮಳೆಗೆ ತೊಳೆದು ಹೋಗುತ್ತದೆ ಅಂತ ಸಮಾಧಾನ ಮಾಡಿಕೊಂಡಿದ್ದೆ. ಮೇಷ್ಟ್ರ ಮನೆಯ ಮೆಟ್ಟಿಲು ಇಳಿಯುವಾಗ ಬಸು ನನ್ನ ಮುಖ ನೋಡಿದ.

ಹನ್ನೊಂದೂವರೆಗೆ ಜೆ.ಪಿ. ನಗರ. ಅಲ್ಲಿ ಒಂದು ಅಪಾರ್ಟ್‌ಮೆಂಟಿನ ನೆಲಮಾಳಿಗೆಯಲ್ಲಿ ಲಿಂಗಮುದ್ರೆಯ ಕಲ್ಲೊಂದಿದೆ. ಹಿಂದೆ ಶಿವನ ಗುಡಿಗೆ ಹೊಲ ಬಿಟ್ಟಾಗ, ಅದರ ಮೇರೆಗೆ ಲಿಂಗವನ್ನು ಕೆತ್ತಿದ ಕಲ್ಲು ನೆಡುತ್ತಿದ್ದರು. ಕಾರು ಇಳಿಯುವ ತಿರುವಿನಲ್ಲಿ ಅದು ಇದ್ದ ಜಾಗದಲ್ಲೇ ಉಳಿದಿದೆ. ಅಕ್ಟೋಬರಿನಲ್ಲಿ ನೋಡಿದಾಗ ಬರೀ ಕಲ್ಲಾಗಿತ್ತು. ಈ ಸಲ ಅದಕ್ಕೆ ಹಳದಿ ಕಪ್ಪು ಪಟ್ಟೆ ಬಳಿದಿದ್ದರು, ರಸ್ತೆ ಉಬ್ಬಿಗೆ ಬಳಿಯುವ ಹಾಗೆ. ಲಿಂಗದ ಮೇಲೆ ಸರಿಯಾಗಿ ಒಂದು ಹಳದಿ ಪಟ್ಟೆ, ಬುಡದಲ್ಲಿ ಟೈರು ಉಜ್ಜಿದ ಗುರುತು. ನಾನು ಕೊರಳಲ್ಲಿ ಲಿಂಗ ಕಟ್ಟಿಕೊಂಡ ಮನೆಯಲ್ಲಿ ಹುಟ್ಟಿದವಳು. ಇದು ಯಾರ ಕೆಲಸ ಅಂತ ಸೆಕ್ಯೂರಿಟಿಯವನನ್ನು ಕೇಳಿದೆ.

ಅವನು ಅಪಾರ್ಟ್‌ಮೆಂಟ್ ಸಂಘದ ಕಾರ್ಯದರ್ಶಿಯನ್ನು ಕರೆದ. ಅವರು ಬರ್ಮುಡಾದಲ್ಲೇ ಲಿಫ್ಟಿನಿಂದ ಇಳಿದು ಬಂದರು.

"ಮೇಡಂ, ಪರ್ಮಿಶನ್ ಇಲ್ದೆ ಬೇಸ್‌ಮೆಂಟ್ ಶೂಟ್ ಮಾಡೋ ಹಾಗಿಲ್ಲ."

"ಪರ್ಮಿಶನ್ ಇರ್ಲಿ ಸಾರ್. ಇದಕ್ಕೆ ಬಣ್ಣ ಹೊಡೆಸೋಕೆ ಮುಂಚೆ ನೀವು ಯಾರ ಪರ್ಮಿಶನ್ ತಗೊಂಡ್ರಿ?"

"ಕಾರುಗಳು ಹೊಡೀತಿದ್ವು ಮೇಡಂ. ಪೇಂಟ್ ಮಾಡ್ಸಿದ್ದಕ್ಕೇ ಉಳ್ಕೊಂಡಿದೆ. ಬಿಲ್ಡರ್ ಅವತ್ತೇ ಕಿತ್ತಾಕ್ತೀನಿ ಅಂದಿದ್ದ, ನಾವೇ ಬೇಡ ಅಂದ್ವಿ."

"ಹಾಗಾದ್ರೆ ಸುತ್ತ ನಾಲ್ಕು ಇಟ್ಟಿಗೆ ಇಡಿಸ್ಬೋದಿತ್ತು. ತಿಳಿದೋರನ್ನ ಒಂದು ಮಾತು ಕೇಳ್ಬೋದಿತ್ತು. ಸಾವಿರ ವರ್ಷ ನಿಂತಿರೋ ಕಲ್ಲಿಗೆ ಕೈ ಹಾಕೋಕೆ ನಿಮಗೆ ಏನು ಹಕ್ಕು ಸಾರ್? ಗೊತ್ತಿಲ್ಲ ಅಂದ್ರೆ ಸುಮ್ನಿರೋದಕ್ಕೇನು ಕಷ್ಟ?"

ನನ್ನ ಧ್ವನಿ ಆ ನೆಲಮಾಳಿಗೆಯಲ್ಲಿ ಎಷ್ಟು ಜೋರಾಗಿ ಕೇಳಿಸಿತೆಂದರೆ ಮೇಲಿನಿಂದ ಎರಡು ಮೂರು ಜನ ಇಣುಕಿದರು. ಕಾರ್ಯದರ್ಶಿಯವರು ಕೆಂಪಾಗಿ, "ಹೆರಿಟೇಜ್ ಅಂದ್ರೆ ಹಂಪಿಗೆ ಹೋಗಿ ಮೇಡಂ, ಇದು ನಮ್ಮ ಪಾರ್ಕಿಂಗ್" ಅಂದು ಹೊರಟೇ ಹೋದರು. ಬಸು ಸದ್ದಿಲ್ಲದೆ ಎಲ್ಲವನ್ನೂ ಚಿತ್ರೀಕರಿಸಿದ್ದ. ಹೊರಗೆ ಬಂದ ಮೇಲೆ ಹೇಳಿದ, "ಅಕ್ಕಾರ, ಈ ಜಗಳಾನೂ ಫಿಲ್ಮಿನ್ಯಾಗ ಇಡೂಣ್ರಿ. ಭಾಳ ಛಲೋ ಬಂದೈತಿ." ನನಗೂ ಅದು ಸರಿಯೆನಿಸಿತು. ಒಂದಿಷ್ಟು ಹೆಮ್ಮೆಯೂ ಆಯಿತು.

ಜೆ.ಪಿ. ನಗರದಿಂದ ಬಿಟಿಎಂಗೆ ಬರುವಷ್ಟರಲ್ಲಿ ಒಂದೂವರೆ. ಆಗಿನ್ನೂ ಬೊಮ್ಮನಹಳ್ಳಿ ಕಡೆಯ ಮೆಟ್ರೋ ಶುರುವಾಗಿರಲಿಲ್ಲ. ಕಂಬಗಳು ನಿಂತಿದ್ದವು, ಕಂಬಗಳ ಕೆಳಗೆ ನಾವೆಲ್ಲ ನಿಂತಿದ್ದೆವು. ಬಸು ದಿನಾ ಊಟ ಮಾಡುವ ಖಾನಾವಳಿಗೆ ಕರೆದುಕೊಂಡು ಹೋದ. ಜೋಳದ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಚಟ್ನಿ, ಮಜ್ಜಿಗೆ. ಬಡಿಸುವವರು, ತಿನ್ನುವವರು ಎಲ್ಲ ಅವನ ಕಡೆಯವರೇ. ಒಬ್ಬರನ್ನೊಬ್ಬರು ಊರಿನ ಹೆಸರಿನಿಂದ ಕರೆದು ಮಾತಾಡಿಸುತ್ತಿದ್ದರು. ಎರಡನೇ ರೊಟ್ಟಿಗೆ ನನ್ನ ಸಿಟ್ಟು ಸ್ವಲ್ಪ ಇಳಿಯಿತು.

ಬಸು ಫೋನಿನಲ್ಲಿ ನವೆಂಬರಿನ ದೃಶ್ಯಗಳನ್ನು ತೋರಿಸಿದ. ಸೀಮೆಸುಣ್ಣಕ್ಕೆ ಮುಂಚಿನದು ನಲವತ್ತು ಸೆಕೆಂಡು, ಬರೀ ಬೂದಿ ಬಣ್ಣ, ಹೆಸರಿನ ಜಾಗದಲ್ಲಿ ಏನೂ ಕಾಣದು. ಆಮೇಲಿನದರಲ್ಲಿ ನನ್ನ ಬಿಳಿ ಅಕ್ಷರಗಳು ಎದ್ದು ಕಾಣುತ್ತಿದ್ದವು. ಡಿಸೆಂಬರಿನಲ್ಲಿ ಅದನ್ನೇ ಸೇರಿಸಿ ಒಂದು ನಿಮಿಷದ ತುಣುಕು ಮಾಡಿ ವಾಟ್ಸಾಪಿನಲ್ಲಿ ಹಂಚಿದ್ದೆವು. ಅದರಲ್ಲಿ ನನ್ನ ಧ್ವನಿ, ಅಣ್ಣನಿಗಾಗಿ ಕಲ್ಲು ನಿಲ್ಲಿಸಿದ ಮಾಚಬ್ಬೆ ಅಂತ ಸ್ಪಷ್ಟವಾಗಿ ಹೇಳುತ್ತದೆ. ಇರಬಹುದು ಅಂತ ಒಂದು ಪದ ಸೇರಿಸಿದ್ದರೆ ಸಾಕಿತ್ತು. ಕೇಳುವಾಗ ಮಾತು ಪೇಲವವಾಗುತ್ತದೆ ಅಂತ ನಾನೇ ತೆಗೆಸಿದ್ದೆ.

"ಖರೇ ಹೆಸರು ಇವತ್ತು ಸಿಕ್ತಂದ್ರ ಆ ತುಣುಕು ಅಳಸಿ ಹೊಸಾದು ಹಾಕೂಣ್ರಿ" ಅಂದ ಬಸು.

"ಸಿಗುತ್ತೆ ಬಸು. ಇವತ್ತು ಸಿಗಲೇಬೇಕು."

ಬಿಟಿಎಂನಿಂದ ಆಟೋ. ಸಿಲ್ಕ್ ಬೋರ್ಡ್ ಜಂಕ್ಷನ್ನಿಗೆ ಮುಂಚೆಯೇ ಗಾಡಿಗಳು ನಿಂತಿದ್ದವು. ಭಾನುವಾರವೂ ಇಷ್ಟೊಂದು ಜನ ಎಲ್ಲಿಗೆ ಹೋಗುತ್ತಾರೋ. ಮೂರು ಗಂಟೆಗೆ ಡ್ರೈವರ್ ಎಂಜಿನ್ ಆರಿಸಿ ತಿರುಗಿ ನೋಡಿದ. "ಇಲ್ಲೇ ಇಳ್ಕೊಳಿ ಮೇಡಂ. ಆ ಕಡೆ ಹೋದ್ರೆ ವಾಪಸ್ ಬರೋಕೆ ನನಗೆ ಎರಡು ಗಂಟೆ." ಬೊಮ್ಮನಹಳ್ಳಿಗೆ ಅಂತ ಒಪ್ಪಿ ಹತ್ತಿಸಿಕೊಂಡವನು. ಅವನಿಗೂ ನನ್ನ ಬಾಯಿಯ ಪ್ರಸಾದ ಸಿಕ್ಕಿತು. ಅವನೇನು ಕಡಿಮೆಯೇ, "ಮೇಡಂ, ನೀವು ಟೀಚರ್ರಾ? ಗೊತ್ತಾಯ್ತು ಬಿಡಿ" ಅಂದ. ಸ್ಟ್ಯಾಂಡ್ ಹೊತ್ತು ಬಸು, ಕಾಗದದ ಸುರುಳಿ ಎದೆಗವಚಿಕೊಂಡು ನಾನು, ಗಾಡಿಗಳ ಸಂದಿಯಲ್ಲಿ ನುಸುಳಿಕೊಂಡು ಜಂಕ್ಷನ್ ದಾಟಿ ಆಚೆ ಬಸ್ ಹಿಡಿದೆವು. ಹೊಸೂರು ರಸ್ತೆಯ ಧೂಳು, ಹೊಗೆ, ಬಿಸಿಲು. ಕಾಗದ ಎಲ್ಲಿ ಮಡಿಕೆಯಾಗುತ್ತದೋ ಅಂತ ಕಂಬಿಗೆ ಒರಗದೆ ನಿಂತೇ ಬಂದೆ.

ಬೊಮ್ಮನಹಳ್ಳಿಯ ಗಲ್ಲಿಯ ತಿರುವಿನಲ್ಲಿ ಬಸು ಮೊದಲು ನೋಡಿದ. ಎರಡು ವಿದ್ಯುತ್ ಕಂಬಗಳ ನಡುವೆ ಒಂದು ಫ್ಲೆಕ್ಸ್. ಎಂಟು ಜನ ಗಂಡಸರ ಫೋಟೋ, ಸಂಕ್ರಾಂತಿಯ ಶುಭಾಶಯ, ಕೆಳಗೆ ದಪ್ಪ ಅಕ್ಷರದಲ್ಲಿ: ವೀರ ಸೋದರಿ ಮಾಚಬ್ಬೆ ಗೆಳೆಯರ ಬಳಗ. ಅದರಾಚೆ ಆಟೋ ನಿಲ್ದಾಣದ ಬೋರ್ಡಿನಲ್ಲೂ ಅದೇ ಹೆಸರು. ಮೊದಲು ನನಗೆ ನಗು ಬಂತು. ಮರುಕ್ಷಣ ಅದು ಯಾರು ಇಟ್ಟ ಹೆಸರು ಅಂತ ನೆನಪಾಯಿತು.

"ಅಕ್ಕಾರ, ಹೆಸರು ಊರಿಗೇ ಹೊಕ್ಕೈತಿ" ಅಂದ ಬಸು.

ನಾನು ಬೇಗ ಬೇಗ ನಡೆದೆ. ಗಲ್ಲಿಯ ಕೊನೆಯಲ್ಲಿ ನಮಗಾಗಿ ಕೃಷ್ಣಪ್ಪನವರು ಕಾಯುತ್ತಿದ್ದರು. ಅರವತ್ತು ದಾಟಿದವರು, ಈ ಊರಲ್ಲೇ ಹುಟ್ಟಿ ಇಲ್ಲಿಯ ಕಾರ್ಖಾನೆಯೊಂದರಲ್ಲಿ ದುಡಿದು ನಿವೃತ್ತರಾದವರು. ಚರಂಡಿಯಿಂದ ಕಲ್ಲು ಮೇಲೆದ್ದಾಗ ಜೆಸಿಬಿಯ ಮುಂದೆ ನಿಂತು ಅದನ್ನು ಉಳಿಸಿದವರು ಅವರೇ. ಅಂದು ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿದ್ದರು. ಜೊತೆಯಲ್ಲಿ ಏಳೆಂಟು ಜನ ಇದ್ದರು, ಎದುರು ಮನೆಯ ರತ್ನಮ್ಮನೂ ಇದ್ದಳು. ಪಕ್ಕದ ಗಾರ್ಮೆಂಟ್ಸಿನಲ್ಲಿ ಹೊಲಿಗೆ ಮಾಡುವವಳು. ನವೆಂಬರಿನಲ್ಲಿ ನಾನು ಕೂತು ಬರೆಯಲು ತನ್ನ ಮನೆಯ ಸ್ಟೂಲು ತಂದುಕೊಟ್ಟಿದ್ದಳು.

"ಬನ್ನಿ ಮೇಡಂ, ಬನ್ನಿ. ನಿಮಗೆ ತೋರಿಸ್ಬೇಕು ಅಂತ ಒಂದು ತಿಂಗ್ಳಿಂದ ಕಾಯ್ತಿದೀವಿ" ಅಂದರು ಕೃಷ್ಣಪ್ಪ.

ಕಲ್ಲಿಗೆ ಸಿಮೆಂಟಿನ ಕಟ್ಟೆ ಕಟ್ಟಿದ್ದರು, ಮೇಲೆ ತಗಡಿನ ಚಪ್ಪರ. ಅದೆಲ್ಲ ಇರಲಿ. ಕಲ್ಲಿನ ನಾಲ್ಕೂ ಸಾಲುಗಳು ಬಂಗಾರದ ಬಣ್ಣದಲ್ಲಿ ಹೊಳೆಯುತ್ತಿದ್ದವು. ಬರೀ ಬಣ್ಣವಾಗಿದ್ದರೆ ತೊಳೆಯಬಹುದಿತ್ತು. ಹತ್ತಿರ ಹೋಗಿ ಬೆರಳಿಟ್ಟೆ. ಬೆರಳು ಒಳಗೆ ಇಳಿಯಿತು. ಉಳಿಯಲ್ಲಿ ಕೆತ್ತಿದ್ದರು, ಚೂಪಾಗಿ, ಆಳವಾಗಿ, ಹೊಸದಾಗಿ. ಹಳೆಯ ಅಕ್ಷರಗಳ ಗೆರೆ ಒಂದೂ ಉಳಿದಿರಲಿಲ್ಲ.

"ಏನ್ ಮಾಡಿದ್ದೀರಿ ಇದು?" ಅಂದೆ. ಆಮೇಲೆ ಕೂಗಿದೆ. "ಯಾರನ್ನ ಕೇಳಿ ಕೆತ್ತಿಸಿದ್ರಿ? ನಿಮಗೆ ಬುದ್ಧಿ ಇದೆಯಾ? ಸಾವಿರ ವರ್ಷದ ಬರವಣಿಗೆ ರೀ ಅದು! ಜೆಸಿಬಿಯವನೇ ಒಡೆದು ಹಾಕಿದ್ದಿದ್ರೂ ತುಂಡುಗಳಲ್ಲಿ ಅಕ್ಷರ ಉಳೀತಿತ್ತು. ನೀವು ಅದನ್ನೂ ಉಳಿಸ್ಲಿಲ್ಲ. ಹಾಳು ಮಾಡಿದ್ರಿ, ಪೂರ್ತಿ ಹಾಳು ಮಾಡಿದ್ರಿ!"

ಅಲ್ಲಿದ್ದವರ ಮುಖದ ನಗು ಇಳಿಯಿತು. ಕೃಷ್ಣಪ್ಪನವರು ಮೆಲ್ಲಗೆ, ತಪ್ಪು ಒಪ್ಪಿಕೊಳ್ಳುವವರ ಹಾಗಲ್ಲ, ಅರ್ಥವಾಗದವರ ಹಾಗೆ ಹೇಳಿದರು.

"ಮೇಡಂ, ನೀವೇ ಬರೆದಿದ್ದಲ್ವಾ? ಸೀಮೆಸುಣ್ಣ ಮಳೆಗೆ ಹೊರಟೋಗುತ್ತೆ ಅಂತ ಅವತ್ತೇ ರಾತ್ರಿ ಟಾರ್ಪಾಲ್ ಹೊದ್ದಿಸಿದ್ವಿ. ಆಮೇಲೆ ಸಮಾಧಿ ಕಲ್ಲಿಗೆ ಹೆಸರು ಕೆತ್ತೋನ್ನ ಕರೆಸಿ, ನಿಮ್ಮ ಗೆರೆ ಮೇಲೇ ಉಳಿ ಓಡಿಸ್ಬೇಕು ಅಂತ ಹೇಳಿ, ಮೂರು ದಿನ ನಾನೇ ಪಕ್ಕದಲ್ಲಿ ಕೂತಿದ್ದೆ. ಒಂದಕ್ಷರ ಆ ಕಡೆ ಈ ಕಡೆ ಆಗಿಲ್ಲ. ನೋಡಿ ಬೇಕಾದ್ರೆ."

ನೋಡಿದೆ. ಆಗಿರಲಿಲ್ಲ. ನಾಲ್ಕು ಗಂಟೆಯಾಗಿತ್ತು. ನಾವು ಇಡೀ ದಿನ ಓಡಿ ಬಂದದ್ದು ಯಾವ ಬಿಸಿಲಿಗಾಗಿಯೋ ಅದು ಚಪ್ಪರದ ಪಕ್ಕದಿಂದ ಬಂದು ಕಲ್ಲನ್ನು ಸವರಿತು. ಪ್ರತಿ ಅಕ್ಷರವೂ ನೆರಳು ಕಟ್ಟಿ ಎದ್ದು ನಿಂತಿತು. ಕೊನೆಯ ಸಾಲು ಎಡಕ್ಕೆ ಸರಿಯಾಗಿ ಶುರುವಾಗಿ ಬಲಕ್ಕೆ ಹೋಗುತ್ತಾ ಸ್ವಲ್ಪ ಮೇಲೇರಿತ್ತು. ಬೋರ್ಡಿನ ಮೇಲೆ ನಾನು ಬರೆದರೆ ಯಾವಾಗಲೂ ಹೀಗೆಯೇ ಏರುತ್ತದೆ, ಮಕ್ಕಳು ಹಿಂದಿನಿಂದ ನಗುತ್ತಾರೆ. ಅದರಲ್ಲಿ, ಆ ತಂಗಿಯ ಹೆಸರಿದ್ದ ಜಾಗದಲ್ಲಿ, ನನ್ನ ಕೈಬರಹದಲ್ಲಿ, ಒಂದು ಕಾಳಿನಷ್ಟು ಆಳದಲ್ಲಿ, ನಾನು ಊಹಿಸಿ ಹಾಕಿದ ಹೆಸರು ಇತ್ತು. ಅಲ್ಲಿ ಸವೆದಿದ್ದ ಕಲ್ಲಿನ ಪದರವೇ ಇರಲಿಲ್ಲ, ಪುಡಿಯಾಗಿ ಹೋಗಿತ್ತು. ಮೇಷ್ಟ್ರ ಕಾಗದವನ್ನು ಅದರ ಮೇಲೆ ಹಾಸಿದ್ದರೆ ನನ್ನದೇ ಅಕ್ಷರ ಎದ್ದು ಬರುತ್ತಿತ್ತು.

ಕೃಷ್ಣಪ್ಪನವರ ಮೇಲೆ ಬಂದಿದ್ದ ಸಿಟ್ಟು ಎಲ್ಲಿಗೂ ಹೋಗಲಿಲ್ಲ, ತಿರುಗಿ ನನ್ನ ಮೇಲೆಯೇ ಬಂತು. ಜೆ.ಪಿ. ನಗರದವರು ಬಳಿದದ್ದು ಬಣ್ಣ, ಅದನ್ನು ಕೆರೆದು ತೆಗೆಯಬಹುದು. ಗೊತ್ತಿಲ್ಲದಿದ್ದರೆ ಸುಮ್ಮನಿರಬೇಕು ಅಂತ ಅವರಿಗೆ ಪಾಠ ಹೇಳಿ ಅರ್ಧ ದಿನವೂ ಕಳೆದಿರಲಿಲ್ಲ. ಕಟ್ಟೆಯ ಮೇಲೆ ಕೂತೆ. ಬಸು ನನ್ನ ಪಕ್ಕ ಬಂದು ಕುಕ್ಕರುಗಾಲಲ್ಲಿ ಕೂತ.

"ಅಕ್ಕಾರ, ಹೊಂಟ್ ಹೋಗೂಣೇನ್ರಿ?"

"ಇಲ್ಲ. ಕ್ಯಾಮರಾ ಹಾಕು. ನನ್ನ ಮುಖ, ಆ ಕೊನೇ ಸಾಲು, ಎರಡೂ ಕಾಣ್ಬೇಕು."

ಬಿಸಿಲು ಇನ್ನು ಹದಿನೈದು ನಿಮಿಷ ಇತ್ತು. ಬಸು ಸ್ಟ್ಯಾಂಡ್ ನೆಟ್ಟು ಕೈ ತೋರಿಸಿದ. ಬೇರೆ ದಿನವಾಗಿದ್ದರೆ ಬರೆದುಕೊಂಡು ಬಂದದ್ದನ್ನು ನಾಲ್ಕು ಸಲ ಓದಿ ಹೇಳುವವಳು, ಅಂದು ಬಾಯಿಗೆ ಬಂದದ್ದನ್ನೇ ಹೇಳಿದೆ. "ಈ ಹೆಸರು ಕಲ್ಲಿನಲ್ಲಿ ಇರಲಿಲ್ಲ. ನಾನು ಓದಿದ್ದಲ್ಲ, ನಾನೇ ಊಹಿಸಿ ಬರೆದದ್ದು. ಕಲ್ಲಿಗೆ ಏನೂ ಸೋಕಿಸಬೇಡಿ ಅಂತ ತಿಳಿದವರು ಹೇಳಿದ್ದರು. ನಾನು ಕೇಳಲಿಲ್ಲ. ಈ ಊರಿನವರು ನನ್ನನ್ನು ನಂಬಿ ಅದನ್ನು ಕೆತ್ತಿಸಿದರು. ಅವರ ತಪ್ಪಿಲ್ಲ." ಇಷ್ಟೇ. ಈಗ ಚಿತ್ರ ಹತ್ತೊಂಬತ್ತು ನಿಮಿಷವಿದೆ, ಜೆ.ಪಿ. ನಗರದ ಜಗಳದ ನಂತರ ಇದು ಬರುತ್ತದೆ. ಶುಕ್ರವಾರದ ಪ್ರದರ್ಶನಕ್ಕೆ ಮೇಷ್ಟ್ರಿಗೆ ಬರಲಾಗಲಿಲ್ಲ. ಅವರ ಮನೆಗೇ ಹೋಗಿ ತೋರಿಸಿ ಬಂದೆ. ನೋಡಿ ಮುಗಿದ ಮೇಲೆ ಅವರು ತಮ್ಮ ಕಾಗದ, ಬ್ರಷ್ಷು ವಾಪಸು ಕೇಳಿದರು, ಕೊಟ್ಟೆ.

ಅಂದು ಮಾತು ಮುಗಿಸಿದಾಗ ಮೊದಲು ಕೇಳಿದವರು ಕೃಷ್ಣಪ್ಪ.

"ಹಂಗಾದ್ರೆ ನಿಜವಾದ ಹೆಸರು ಏನು ಮೇಡಂ?"

"ಗೊತ್ತಿಲ್ಲ."

"ಮುಂದೆ ಯಾವತ್ತಾದ್ರೂ ಗೊತ್ತಾಗುತ್ತಾ?"

"ಇಲ್ಲ ಕೃಷ್ಣಪ್ಪನೋರೆ. ಇನ್ನು ಯಾರಿಗೂ ಗೊತ್ತಾಗಲ್ಲ."

ಅವರು ಬೋರ್ಡುಗಳ ಕಡೆ ಒಮ್ಮೆ ನೋಡಿ, ಅಂಗಿಯ ತೋಳು ಮಡಿಸಿದರು. ನಾನು ಅವರಿಗೆ ಕೈಮುಗಿದೆ. ಬುದ್ಧಿ ಇದೆಯಾ ಅಂತ ಕೇಳಿದ್ದಕ್ಕೆ ಕ್ಷಮೆ ಕೇಳಿದೆ. "ಬಿಡಿ ಮೇಡಂ" ಅಂದರು, ನನ್ನ ಮುಖ ನೋಡದೆ. ನಾಲ್ಕೂವರೆಗೆ ಗಾರ್ಮೆಂಟ್ಸ್ ಕಟ್ಟಡದ ನೆರಳು ಕಲ್ಲಿನ ಮೇಲೆ ಬಂತು. ಜನ ಒಬ್ಬೊಬ್ಬರಾಗಿ ಚದುರಿದರು. ಬಸು ಸ್ಟ್ಯಾಂಡ್ ಮಡಚುತ್ತಿದ್ದಾಗ ರತ್ನಮ್ಮ ನನ್ನ ಹತ್ತಿರ ಬಂದಳು.

"ಮಿಸ್, ನಾನು ದಿನಾ ಬೆಳಗ್ಗೆ ಕೆಲಸಕ್ಕೆ ಹೋಗೋವಾಗ ಇಲ್ಲಿ ಒಂದು ಹೂ ಇಟ್ಟು ಹೋಗ್ತೀನಿ. ನನಗೂ ಒಬ್ಬ ಅಣ್ಣ ಇದ್ದ, ಹೋಗ್ಬಿಟ್ಟ. ಅವನಿಗೆ ನಾನೇನೂ ಮಾಡೋಕಾಗ್ಲಿಲ್ಲ. ಇವಳು ಮಾಡಿದ್ಲಲ್ಲ ಅಂತ, ಹೆಸರು ಹಿಡಿದು ಮಾತಾಡಿಸ್ತೀನಿ. ಇಷ್ಟು ದಿನ ಬೇರೆ ಯಾರದ್ದೋ ಹೆಸರಲ್ಲಿ ಕರೀತಿದ್ನಾ?"

"ಹೌದು ರತ್ನಮ್ಮ."

"ಮತ್ತೆ ಇನ್ಮೇಲೆ ಏನಂತ ಕರೀಲಿ?"

ತಂಗಿ ಅಂತ ಕರಿ, ಅದಂತೂ ಕಲ್ಲಿನಲ್ಲಿತ್ತು ಅಂತ ಹೇಳಬೇಕೆನಿಸಿತು. ಮತ್ತೆ ಅವಳಿಗೆ ಏನು ಹೇಳಿಕೊಡಲೂ ನನಗೆ ಬಾಯಿ ಬರಲಿಲ್ಲ. ಕಾಗದದ ಸುರುಳಿ ಎತ್ತಿಕೊಂಡು ಬಸುವಿನ ಹಿಂದೆ ಹೊರಟೆ. ಗಲ್ಲಿಯ ತಿರುವಿನಲ್ಲಿ ಒಮ್ಮೆ ತಿರುಗಿ ನೋಡಿದೆ. ರತ್ನಮ್ಮ ಮುಡಿಯಿಂದ ಒಂದು ಸೇವಂತಿಗೆ ಕಿತ್ತು ಕಲ್ಲಿನ ಮುಂದೆ ನಿಂತಿದ್ದಳು. ಹೂ ಅವಳ ಕೈಯಲ್ಲೇ ಇತ್ತು, ಇನ್ನೂ ಇಟ್ಟಿರಲಿಲ್ಲ.